ಚೈತ್ರಾಳ ರಿಸೆಪ್ಷನ್‌ಗೆ ಹಿಡಿದು ತಂದ ಚಿಟ್ಟೆಗಳು

ಪೆಟ್ಟಿಗೆಯ ಮುಚ್ಚಳ ತೆಗೆದಾಗ ಹಾರಿದ್ದು ಒಂದೆರಡೇ. ಉಳಿದ ಚಿಟ್ಟೆಗಳೆಲ್ಲ ಮದುಮಗಳ ರೇಷ್ಮೆ ಸೀರೆಯ ಮೇಲೆ, ಕಾರ್ಪೆಟ್ ಮೇಲೆ ತರಗೆಲೆಗಳ ಹಾಗೆ ಉದುರಿದವು.

ಮೊನ್ನೆ ಸಂಜೆ, ಪಿರಿಯಾಪಟ್ಟಣದ ಒಂದು ಛತ್ರ. ನನ್ನ ಸೋದರಮಾವನ ಮಗಳು ಚೈತ್ರಾಳ ರಿಸೆಪ್ಷನ್. ಡೆಕೊರೇಷನ್‌ನವರ ಸರ್‌ಪ್ರೈಸ್ ಐಟಂ ಅಂತೆ ಇದು... ಅವಳಿಗೂ ಗೊತ್ತಿರಲಿಲ್ಲ.

ನಾನು ಹುಣಸೂರಿನಲ್ಲಿ ಹೈಸ್ಕೂಲ್ ಮಕ್ಕಳಿಗೆ ಜೀವಶಾಸ್ತ್ರ ಪಾಠ ಮಾಡುವವಳು. ಬಗ್ಗಿ ಒಂದನ್ನು ಅಂಗೈಗೆ ತೆಗೆದುಕೊಂಡೆ. ಕಪ್ಪು ರೆಕ್ಕೆ, ಮೇಲೆ ತಿಳಿನೀಲಿ ಗೀರುಗಳು. ಹಿಂಡು ಹಿಂಡಾಗಿ ನಮ್ಮ ಊರುಗಳ ಮೇಲೆ ವಲಸೆ ಹೋಗುತ್ತವಲ್ಲ, ಅದೇ ಚಿಟ್ಟೆ. ರೆಕ್ಕೆ ಹರಿದಿತ್ತು, ಕಾಲು ಇನ್ನೂ ಆಡುತ್ತಿತ್ತು.

ಎಲ್ಲಿಂದ ತಂದಿರಿ ಎಂದು ಡೆಕೊರೇಷನ್‌ನವನನ್ನು ಕೇಳಿದೆ.

"ಅಂತರಸಂತೆ ತಾವ ಬೇಲಿ ಮ್ಯಾಲೆ ಗುಂಪ್‌ಗುಂಪಾಗಿ ಕೂತಿರ್ತವೆ ಕಣಕ್ಕ. ಬಲೆ ಆಕಿ ಹಿಡ್ಕಂಡ್ ಬಂದೋ. ಫ್ರಿಜ್ಜಲ್ಲಿ ಮಡಗಿದ್ರೆ ಮಂಪರು ಬತ್ತದೆ, ಆಮೇಲೆ ಆರ್ತವೆ."

ಫ್ರಿಜ್ಜಿನಲ್ಲಿ! ಘಟ್ಟ ದಾಟುವ ಜೀವವನ್ನು ಕೊತ್ತಂಬರಿ ಕಟ್ಟಿನ ಹಾಗೆ ಇಟ್ಟಿದ್ದರು.

ಅಷ್ಟರಲ್ಲಿ ವಿಡಿಯೋದವನು ಒಂದು ತಟ್ಟೆ ಹಿಡಿದು ಬಂದ. "ಎಲ್ಲಾನೂ ಬಾಚಿ ಇದಕ್ಕೆ ಆಕಿ ಮೇಡಂ. ಕೆಳಗಿಂದ ಎರಚಿದ್ರೆ ಸ್ಲೋ ಮೋಷನ್ನಲ್ಲಿ ಆರ್ದಂಗೇ ಕಾಣ್ತದೆ."

ನನಗೆ ಮೈಯೆಲ್ಲ ಉರಿದುಹೋಯಿತು. ಮುಟ್ಟಬೇಡಿ ಎಂದು ಕೂಗಿಯೇಬಿಟ್ಟೆ.

ಮಾವ ಓಡಿಬಂದು ಕೈ ಹಿಡಿದರು. "ಉಳ ಕಣವ್ವ, ಬುಡು. ಬೀಗರ ಮುಂದೆ ಮರ್ವಾದೆ ಕಳೀಬ್ಯಾಡ."

ಆಗ ಚೈತ್ರಾ ನೆರಿಗೆ ಎತ್ತಿ ಹಿಡಿದು ವೇದಿಕೆಯ ಮೇಲೇ ಮಂಡಿಯೂರಿದಳು.

"ಅಪ್ಪಾ, ಇವು ಸಾಯ್ತಾವೆ. ನನ್ ಮದ್ವೇಲಿ ಎಣ ಎರಚ್ತೀರಾ?"

ಮದುಮಗ ಒಂದು ಕ್ಷಣ ತನ್ನ ಅಪ್ಪನ ಮುಖ ನೋಡಿದ... ಆಮೇಲೆ ತಾನೂ ಬಗ್ಗಿ ಆಯತೊಡಗಿದ.

ಉಸಿರಿದ್ದವನ್ನು ಮೂವರೂ ಹೂವಿನ ಬುಟ್ಟಿಯಲ್ಲಿಟ್ಟು, ಛತ್ರದ ಹಿಂದಿನ ದಾಸವಾಳದ ಗಿಡಕ್ಕೆ ಬಿಟ್ಟೆವು. ಕೆಲವು ಎಲೆ ಹಿಡಿದು ಕೂತವು. ಹೆಚ್ಚಿನವಕ್ಕೆ ಹಿಡಿಯುವ ಶಕ್ತಿಯೂ ಇರಲಿಲ್ಲ.

ಇವತ್ತು ಕೆ.ಆರ್.ನಗರದ ಗೆಳತಿ ಫೋನ್ ಮಾಡಿದ್ದಾಳೆ. ಅವಳ ತಮ್ಮನ ಮದುವೆಗೂ ಇದೇ ಐಟಂ ಬುಕ್ ಆಗಿದೆಯಂತೆ. ನಡೆದದ್ದನ್ನೆಲ್ಲ ಹೇಳಿ, ಕ್ಯಾನ್ಸಲ್ ಮಾಡಿಸೇ ಅಂದರೆ, "ಒಂದ್ ದಿನದ್ ಖುಷಿ ಕಣೇ, ಬುಡು" ಅನ್ನುತ್ತಾಳೆ.

ನಮ್ಮ ಒಂದು ದಿನಕ್ಕೆ ಅವುಗಳ ಇಡೀ ಆಯಸ್ಸನ್ನೇ ಕೇಳುವುದು ಯಾವ ಸೀಮೆ ನ್ಯಾಯ, ನೀವೇ ಹೇಳಿ?