ಬಾಯಿ ನನ್ನದು, ಭೇಷ್ ಅವನಿಗೆ

ನಿಘಂಟು ಕಚೇರಿಗೆ ನಾನೂ ಅವನೂ ಒಂದೇ ದಿನ ಸೇರಿದವರು. ಹತ್ತೊಂಬತ್ತು ವರ್ಷ ಒಂದೇ ಮೇಜಿನ ಆಚೆ ಈಚೆ ಕೂತವರು. ಎಲ್ಲರೂ ಅವನನ್ನು ಮುನಿ ಎನ್ನುತ್ತಿದ್ದರು, ಮಾತು ತೊದಲುತ್ತಿದ್ದುದರಿಂದ ಬಾಯಿ ಬಿಡುತ್ತಿದ್ದುದೇ ಅಪರೂಪ. ಶಾಲೆಯಲ್ಲಿ ಹಾಜರಿ ಕೂಗುವಾಗ 'ಬಂದಿದ್ದೇನೆ' ಎನ್ನಲಾಗದೆ ಎದ್ದು ನಿಂತುಬಿಡುತ್ತಿದ್ದನಂತೆ.

ನಮ್ಮಲ್ಲಿ ಪದಕ್ಕೊಂದು ಚೀಟಿ. ಅದರ ಮೇಲೆ ಅರ್ಥ, ಹುಟ್ಟು, ಬಳಕೆ. ಶುಕ್ರವಾರ ಸಂಪಾದಕರ ಮುಂದೆ ಬರೆದವರೇ ನಿಂತು ಓದಬೇಕು. ಮುನಿಯ ಚೀಟಿಗಳನ್ನು ಮಾತ್ರ ಅವನ ಬದಲು ನಾನು ಓದುತ್ತಿದ್ದೆ. ಹೊಟ್ಟೆ ಉರಿಯುತ್ತಿದ್ದುದು ಅಲ್ಲೇ. ಬಾಯಿ ನನ್ನದು, ಭೇಷ್ ಅವನಿಗೆ. 'ಗೊಣಗು' ಎಂಬ ಒಂದು ಪದಕ್ಕಾಗಿ ಎರಡು ದಿನ ಬಸ್ ನಿಲ್ದಾಣದಲ್ಲಿ ಕಿವಿಗೊಟ್ಟು ನಿಂತು ಬಂದ ಮಹಾಶಯ ಅವನು. ನಾನು ಊಟದ ಹೊತ್ತಿಗೆ ನಲವತ್ತು ಚೀಟಿ ಮುಗಿಸಿದರೂ ಅವನನ್ನು ನೋಡಿ ಕಲಿಯಬೇಕಾದವನು ನಾನೇ. ಮನೆಯಲ್ಲಿ ನನ್ನ ಹೆಂಡತಿಗೂ ಅವನ ಮಾತೆಂದರೆ ಬಲು ತೂಕದ್ದು. ದಿನಕ್ಕೆ ನಾಲ್ಕೇ ಮಾತಾಡಿದರೆ ಯಾರ ಮಾತಿಗಾದರೂ ತೂಕ ಬರುತ್ತದೆ.

'ತೊದಲು' ಪದದ ಸರದಿ ಬಂದಾಗ ಸಂಪಾದಕರು ಇಬ್ಬರೂ ಬರೆಯಿರಿ, ಒಂದನ್ನು ಅಚ್ಚಿಗೆ ಆರಿಸೋಣ ಎಂದರು. ಈ ಸಲವಾದರೂ ಅವನಿಗೆ ಮಣ್ಣು ಮುಕ್ಕಿಸಬೇಕೆಂದು ಮೂರು ಹಳೆಯ ಕೋಶಗಳನ್ನು ತಿರುವಿಹಾಕಿ ಬರೆದೆ: 'ಅಸ್ಪಷ್ಟ ನುಡಿ. ಮಾತಿನ ದೋಷ. ಹುಟ್ಟು ತಿಳಿಯದು.'

ಶುಕ್ರವಾರ ನನ್ನದನ್ನು ಓದಿ ಮುಗಿಸಿ, ಎಂದಿನಂತೆ ಅವನ ಚೀಟಿಗೆ ಕೈ ಚಾಚಿದೆ. ಕೊಡಲಿಲ್ಲ. ತಾನೇ ಎದ್ದ. ಸುಳ್ಳೇಕೆ ಹೇಳಲಿ, ನನಗೆ ಹಾಲು ಕುಡಿದಷ್ಟು ಸಂತೋಷವಾಯಿತು.

"ತೊ... ತೊ... ತೊ..." ಎಂದು ಅಲ್ಲೇ ನಿಂತ. ಯಾರೂ ನಗಲಿಲ್ಲ. ಕತ್ತಿನ ಬೆವರು ಒರೆಸಿಕೊಂಡು "ತೊದಲು" ಎಂದ. ಆಮೇಲೆ ಓದುವುದನ್ನೇ ಬಿಟ್ಟು ಚೀಟಿಯನ್ನು ಮೇಜಿನ ಮೇಲಿಟ್ಟ.

"ಹು... ಹುಟ್ಟು ಈಗ ಕೇಳಿಸ್ತಲ್ಲ, ಸರ್. ಇಂಥ ಬಾ... ಬಾಯಲ್ಲೇ ಹುಟ್ಟಿರ್ಬೇಕು. ಮಾತು ಕಲಿಯೋ ಮ... ಮಗೂದೋ, ನನ್ನಂಥವನದೋ."

ಸಂಪಾದಕರು ಅವನ ಚೀಟಿಯನ್ನು ಅಚ್ಚಿನ ಕಟ್ಟಿಗೆ ಸೇರಿಸಿದರು. ನನ್ನದನ್ನು ನನಗೇ ವಾಪಸು ಕೊಟ್ಟರು.

ಅವನ ಬುದ್ಧಿಯ ಮೇಲೆ, ಹೆಸರಿನ ಮೇಲೆ ಹೊಟ್ಟೆಕಿಚ್ಚು ಪಟ್ಟಿದ್ದೆ. ಅಂದು ಅವನ ನಾಲಿಗೆಯ ಮೇಲೂ ಪಟ್ಟೆ. ಸಂಜೆ ಬಚ್ಚಲಿನ ಚಿಲಕ ಹಾಕಿಕೊಂಡು, ಕನ್ನಡಿಯ ಮುಂದೆ "ತೊ... ತೊ..." ಎಂದು ಹೇಳಿ ನೋಡಿದೆ. ನಾಟಕದಂತಿತ್ತು. ಹೊರಗಿನಿಂದ ಹೆಂಡತಿ ಯಾರ ಜೊತೆ ಮಾತು ಎಂದು ಕೇಳಿದಳು.

"ಯಾರ ಜೊತೆಗೂ ಇಲ್ಲ" ಎಂದೆ, ಒಂದಿಷ್ಟೂ ತಡವರಿಸದೆ.