ನ್ಯಾನ್ ಚಿಕ್ಕಮ್ಮನ ಮರಳಿನ ಮೂಟೆ

ನಮ್ಮೂರ ಮಕ್ಕಳನ್ನು ಮೆಕಾಂಗ್ ನದಿಯ ಕವಲನ್ನು ದೋಣಿಯಲ್ಲಿ ದಾಟಿಸಿ ಶಾಲೆಗೆ ಮುಟ್ಟಿಸುವವಳು ನ್ಯಾನ್ ಚಿಕ್ಕಮ್ಮ. ಬಾಯಿ ಜೋರು.

ದಿಯೇಪ್ ಎಂಬ ಹುಡುಗಿಯ ಅಮ್ಮ ಮೀನಿಗೆ ಉಪ್ಪು ಬೆರೆಸಿ ಹುದುಗಿಸಿ ಮಾರುತ್ತಾಳೆ. ದಿಯೇಪ್ ದೋಣಿ ಹತ್ತಿದೊಡನೆ ಖಾಂಗ್ ಎಂಬ ಹುಡುಗ ಮೂಗು ಮುಚ್ಚಿ, "ಥೂ, ನಾತ ಬಂತು!" ಎನ್ನುತ್ತಿದ್ದ. ಅದೇ ಮೀನನ್ನು ಮೂರು ಹೊತ್ತೂ ಅನ್ನಕ್ಕೆ ಕಲಸಿಕೊಂಡು ತಿನ್ನುವ ಉಳಿದ ಮಕ್ಕಳು, ತಮ್ಮನ್ನೂ ಆಡಿಕೊಂಡಾನೆಂದು ಹೆದರಿ, ಎದುರು ಬದಿಗೆ ಸರಿಯುತ್ತಿದ್ದರು. ದೋಣಿ ವಾಲುತ್ತಿತ್ತು. ಚಿಕ್ಕಮ್ಮ ದಿಯೇಪ್ ಪಕ್ಕ ಮರಳಿನ ಮೂಟೆಯಿಟ್ಟು ತೂಕ ಸರಿಮಾಡುತ್ತಿದ್ದಳು.

ಒಂದು ಬೆಳಿಗ್ಗೆ ದಿಯೇಪ್ ಆ ಮೂಟೆಗೇ ಒರಗಿ ಅಳುತ್ತಿದ್ದಳು. ಚಿಕ್ಕಮ್ಮನಿಗೆ ತನ್ನ ಮೇಲೇ ಸಿಟ್ಟು ಬಂತು. ಮೂಟೆಯನ್ನೆತ್ತಿ ದಡಕ್ಕೆಸೆದಳು.

"ಯಾರಾದ್ರೂ ಈ ಕಡೆ ಬಂದು ಕೂತ್ಕೊಳ್ಳಿ. ಇಲ್ದಿದ್ರೆ ಹಗ್ಗ ಬಿಚ್ಚಲ್ಲ."

"ಚಿಕ್ಕಮ್ಮಾ, ಲೇಟಾದ್ರೆ ಇಡೀ ಕ್ಲಾಸಿಗೆ ಮಾರ್ಕ್ಸ್ ಕಟ್!" ಖಾಂಗ್ ಕೂಗಿದ.

"ಆಗ್ಲಿ ಬಿಡೋ. ಮುಳುಗೋದಕ್ಕಿಂತ ವಾಸಿ."

ಆಚೆ ದಡದಲ್ಲಿ ಶಾಲೆಯ ನಗಾರಿ ಮೊಳಗಿತು. ಖಾಂಗ್‌ನ ತಂಗಿ ಲುವಾ ಎದ್ದುಬಂದು ದಿಯೇಪ್ ಪಕ್ಕ ಕೂತಳು.

"ದೋಣಿ ವಾಲ್ತಿತ್ತು, ಅದಕ್ಕೇ," ಎಂದಳು, ಅಣ್ಣನ ಮುಖ ನೋಡದೆ. ಅವಳ ಹಿಂದೆ ಇನ್ನಿಬ್ಬರು ಬಂದರು.

ಮುಂದಿನ ವಾರ ದೋಣಿ ದಿಯೇಪ್ ಕೂತ ಕಡೆಗೇ ವಾಲಿತು.

"ಎಲ್ರೂ ಇಲ್ಲೇ ತುಂಬ್ಕೊಂಡ್ರೆ ಹೆಂಗ್ರೋ?" ಚಿಕ್ಕಮ್ಮ ಗದರಿದಳು.

ಎದುರು ಬದಿಯಲ್ಲಿ ಖಾಂಗ್ ಒಬ್ಬನೇ ಕೂತಿದ್ದ. ದಿಯೇಪ್ ಎದ್ದುಹೋಗಿ ಅವನ ಪಕ್ಕ ಕೂತಳು.

"ದೋಣಿ ವಾಲ್ತಿದೆ," ಎಂದಳು.