ಅತ್ತೆ ಕುರ್ಚಿಯಲ್ಲಿ ಕೂತ ದಿನಗಳು

ನಾನು ಸೊಸೆಯಾಗಿ ಬಂದ ವರ್ಷವೇ ನನ್ನ ಅತ್ತೆ ಗ್ರಾಮ ಪಂಚಾಯ್ತಿ ಚುನಾವಣೆಗೆ ನಿಂತರು. ತುಂಗಭದ್ರೆಯ ದಂಡೆಯ ಮೇಲಿನ ಊರು ನಮ್ಮದು, ಹರಿಹರದ ಹತ್ತಿರ. ಅಲ್ಲಿ ಹೆಂಗಸರು ಪಂಚಾಯ್ತಿಗೆ ಬಂದೇ ಇರಲಿಲ್ಲ ಅಂತಲ್ಲ. ಮೀಸಲಾತಿ ಬಂದಾಗಲೆಲ್ಲ ಬಂದಿದ್ದರು. ಆದರೆ ಬೋರ್ಡಿನ ಮೇಲೆ ಹೆಂಡತಿಯ ಹೆಸರು, ಕುರ್ಚಿಯ ಮೇಲೆ ಗಂಡ. ಮೀಸಲಿಲ್ಲದ ಸ್ಥಾನಕ್ಕೆ, ಗಂಡಸರ ಎದುರಿಗೆ ನಿಂತು ಗೆದ್ದ ಮೊದಲ ಹೆಂಗಸು ಅತ್ತೆ. ಹೆಂಗಸರ ಸಂಘ ಕಟ್ಟಿ ಮನೆಮನೆ ತಿರುಗಿದ್ದವರು, ಓಟು ಅಲ್ಲಿಂದಲೇ ಬಂದವು. ಆಮೇಲೆ ಸದಸ್ಯರು ಅವರನ್ನೇ ಅಧ್ಯಕ್ಷೆ ಮಾಡಿದರು. ಈಕೆ ನಾವು ಹೇಳಿದ ಹಾಗೆ ಕೇಳುತ್ತಾಳೆ ಎಂದುಕೊಂಡಿದ್ದರೇನೋ.

ಮೊದಲ ಸಭೆಗೆ ಮಾವನವರು ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿಕೊಂಡು ಹೋಗಿ, ಊರಿನ ರೂಢಿಯಂತೆ ಅಧ್ಯಕ್ಷರ ಕುರ್ಚಿಯಲ್ಲಿ ಕೂತರು. ನಾನು ಬಾಗಿಲ ಹೊರಗೆ ನಿಂತಿದ್ದೆ. ಅತ್ತೆ ಅವರ ಪಕ್ಕಕ್ಕೆ ಹೋಗಿ ಮೆಲ್ಲಗೆ ಹೇಳಿದರು:

"ನೀವ್ ಹೊರಗ ಕೂಡ್ರಿ. ಚಾ ಅಲ್ಲಿಗೇ ಕಳಿಸ್ತೀನಿ."

ಸದಸ್ಯರೆಲ್ಲ ನಕ್ಕರು. ಮಾವನವರು ನಗಲಿಲ್ಲ. ಎದ್ದು ಹೊರಗೆ ಬಂದು ಹುಣಸೆಮರದ ಕೆಳಗೆ ಕೂತರು, ಚಾ ಕುಡಿಯಲಿಲ್ಲ. ಆದರೆ ಆ ದಿನದಿಂದ ಯಾರಾದರೂ ಪಂಚಾಯ್ತಿ ಕೆಲಸಕ್ಕೆ ಮನೆಗೆ ಬಂದರೆ, "ಅಧ್ಯಕ್ಷರು ಒಳಗ ಅದಾರ, ಅವರನ್ನೇ ಕೇಳ್ರಿ" ಅನ್ನತೊಡಗಿದರು.

ಮಾಯಕೊಂಡದ ನನ್ನ ತವರಿನಲ್ಲಿ ರಾಜಕೀಯದ ಮಾತು ಕಟ್ಟೆಯ ಮೇಲಿನ ಗಂಡಸರಿಗೆ ಸೇರಿದ್ದು. ಇಲ್ಲಿ ಅದು ಒಲೆಯ ಮುಂದೆಯೇ ನಡೆಯುತ್ತಿತ್ತು. ಬೀದಿದೀಪ, ಚರಂಡಿ, ಅಂಗನವಾಡಿಯ ಸೋರುವ ಸೂರು. ರೊಟ್ಟಿ ತಟ್ಟುತ್ತಲೇ ಅತ್ತೆ ನನ್ನ ಅಭಿಪ್ರಾಯ ಕೇಳುತ್ತಿದ್ದರು. ಅಂಥ ದಿನಗಳು ಬಹಳ ಉಳಿಯಲಿಲ್ಲ.

ಹೊಳೆಯಲ್ಲಿ ಮರಳು ತೆಗೆಯುವುದು ಮೊದಲಿನಿಂದಲೂ ಇತ್ತು. ಎತ್ತಿನ ಗಾಡಿ ಹೋಗಿ ಟ್ರ್ಯಾಕ್ಟರ್ ಬಂತು, ಆಮೇಲೆ ಟಿಪ್ಪರ್‌ಗಳು ಬಂದವು. ಆ ಬೇಸಿಗೆ ಒಂದು ಮುಂಜಾನೆ ನಾನೂ ಪಕ್ಕದ ಮನೆಯ ಸೊಸೆಯೂ ಬಟ್ಟೆ ಒಗೆಯಲು ಹೋದೆವು. ನಾವಿಬ್ಬರೂ ಒಂದೇ ವರ್ಷ ಆ ಓಣಿಗೆ ಮದುವೆಯಾಗಿ ಬಂದವರು. ನಾನು ಕಲ್ಲಿನ ಮೇಲೆ ಸೀರೆ ಹಿಂಡುತ್ತಿದ್ದೆ. ಅವಳು ಹಾಸಿಗೆಯ ಚಾದರ ಜಾಲಿಸಲು ನೀರಿಗಿಳಿದಳು. ಹಿಂದಿನ ವಾರ ಅಲ್ಲಿ ಮೊಣಕಾಲುದ್ದ ನೀರಿತ್ತು. ಏನೋ ಹೇಳುತ್ತಿದ್ದವಳ ಮಾತು ನಿಂತಿತು. ತಲೆಯೆತ್ತಿ ನೋಡಿದರೆ ಅವಳಿಲ್ಲ. ಮೊದಲು ಮೇಲೆ ಬಂದದ್ದು ಚಾದರ. ನನ್ನ ಕೂಗಿಗೆ ಓಡಿಬಂದ ಗಂಡಸರು ಅವಳನ್ನು ಮರಳು ತೆಗೆದ ಗುಂಡಿಯಿಂದ ಎತ್ತುವ ಹೊತ್ತಿಗೆ ಬಿಸಿಲೇರಿತ್ತು.

ಅವಳನ್ನು ಮಣ್ಣು ಮಾಡಿ ಬಂದ ಮೇಲೆ ಅತ್ತೆ ಮುಂದಿನ ಸಭೆಯಲ್ಲಿ ಟಿಪ್ಪರ್‌ಗಳು ಹೊಳೆಗಿಳಿಯದಂತೆ ದಾರಿಗೆ ಅಡ್ಡ ಆಳವಾದ ಕಾಲುವೆ ತೋಡಿಸುವ ಠರಾವು ಮಾಡಿಸಿದರು. ಸಾವಿನ ಬಿಸಿ ಆರಿರಲಿಲ್ಲ, ಯಾರೂ ಬೇಡ ಅನ್ನಲಿಲ್ಲ. ಜೆಸಿಬಿ ತೋಡಿ ಮುಗಿಸುವ ತನಕ ಅವರು ಬಿಸಿಲಲ್ಲೇ ನಿಂತಿದ್ದರು. ಊರಿನಲ್ಲಿ ಹೆಂಗಸರು ಬಟ್ಟೆ ಒಗೆಯಲು ನಲ್ಲಿ, ಕಲ್ಲುಗಳಿರುವ ಕಟ್ಟೆಯನ್ನೂ ಕಟ್ಟಿಸಿದರು.

ಟಿಪ್ಪರ್‌ಗಳು ನಿಂತವು. ಗಲಾಟೆಯಾಗುತ್ತದೆ ಎಂದುಕೊಂಡಿದ್ದೆವು, ಆಗಲಿಲ್ಲ. ಯಾರೂ ಮನೆಯ ಮುಂದೆ ಬಂದು ಕೂಗಾಡಲಿಲ್ಲ. ನಾನು ನೀರಿಗೆ ಹೋದರೆ ಹೆಂಗಸರ ಮಾತು ನಿಲ್ಲುತ್ತಿತ್ತು. ಹೋಟೆಲಿನ ಮುಂದೆ ಅತ್ತೆ ಹಾದುಹೋದರೆ ಎಲ್ಲರೂ ಎದ್ದು ನಮಸ್ಕಾರ ಮಾಡುತ್ತಿದ್ದರು, ಮೊದಲು ಏಳದವರು ಕೂಡ. ಆ ನಮಸ್ಕಾರ ಕಂಡರೆ ನಾನು ಅತ್ತೆಯನ್ನು ಬೇಗ ಬೇಗ ನಡೆಸಿಕೊಂಡು ಹೋಗುತ್ತಿದ್ದೆ.

ನನ್ನ ಗಂಡ ದಾವಣಗೆರೆಯ ಮಂಡಿಪೇಟೆಯಲ್ಲಿ ಒಂದು ಸಗಟು ಅಂಗಡಿಯ ಗುಮಾಸ್ತ. ಒಂದು ದಿನ ಅಲ್ಲಿಗೆ ಅಪರಿಚಿತನೊಬ್ಬ ಬಂದು, ಏನೂ ಕೊಳ್ಳದೆ ಗಲ್ಲಾಪೆಟ್ಟಿಗೆಯ ಪಕ್ಕ ನಿಂತು ಕೇಳಿದನಂತೆ:

"ನಿಮ್ಮ ಅವ್ವಾರು ಅಧ್ಯಕ್ಷರಲ್ಲೇನ್ರಿ? ಭಾಳ ಒಳ್ಳೇ ಕೆಲ್ಸ ಮಾಡ್ಯಾರ. ಶುಗರ್ ಐತಂತಲ್ಲ, ಈಗ ಹೆಂಗದಾರ?"

"ಆರಾಮದಾರ್ರಿ. ನೀವು ಯಾರು?"

"ನಮ್ಮೋರೇ ಅನ್ಕೊಳ್ರಿ. ಸೋಮವಾರ ಸೊಸಿ ಸ್ಕೂಟರ್ ಮ್ಯಾಲೆ ಹರಿಹರಕ್ಕೆ ಡಾಕ್ಟರ ಹತ್ರ ಹೋಗ್ತಾರಲ್ಲ, ರಸ್ತೆ ಸರಿ ಇಲ್ಲ ನೋಡ್ರಿ. ನಿಧಾನಕ ಹೋಗಾಕ ಹೇಳ್ರಿ."

ಅತ್ತೆಗೆ ಸಕ್ಕರೆ ಕಾಯಿಲೆ ಇರುವುದನ್ನು ನಾವು ಊರಿನಲ್ಲಿ ಯಾರಿಗೂ ಹೇಳಿರಲಿಲ್ಲ.

ಗಂಡ ಬಂದು ಇದನ್ನು ಹೇಳಿದಾಗ ಅತ್ತೆ ಅವರೆಕಾಯಿ ಸುಲಿಯುತ್ತಿದ್ದರು. ಕೈ ನಿಲ್ಲಿಸಲಿಲ್ಲ. "ಸೋಮವಾರ ಹೋಗದಿದ್ರ ಹೆದರ್ಯಾಳ ಅಂತಾರ," ಅಂದರು.

ಹೋದೆವು. ಊರು ದಾಟಿ, ಎರಡೂ ಕಡೆ ಗದ್ದೆಗಳಿರುವ ರಸ್ತೆಗೆ ಬಂದಾಗ ಕನ್ನಡಿಯಲ್ಲಿ ಟಿಪ್ಪರ್ ಕಾಣಿಸಿತು. ನಂಬರ್ ಪ್ಲೇಟಿಗೆ ಮಣ್ಣು ಮೆತ್ತಿತ್ತು. ದಾರಿ ಬಿಟ್ಟೆ, ಅದು ಮುಂದೆ ಹೋಗಲಿಲ್ಲ. ಜೋರು ಮಾಡಿದರೆ ಅದೂ ಜೋರು, ನಿಧಾನ ಮಾಡಿದರೆ ಅದೂ ನಿಧಾನ. ಹಾರ್ನ್ ಒಮ್ಮೆಯೂ ಹೊಡೆಯಲಿಲ್ಲ. ರಸ್ತೆಯ ಅಂಚಿಗೆ ಸ್ಕೂಟರ್ ನಿಲ್ಲಿಸಿದೆ. ಅದೂ ಹಿಂದೆ ನಿಂತಿತು, ಎಂಜಿನ್ ಗುರುಗುಟ್ಟುತ್ತಲೇ ಇತ್ತು.

ಅತ್ತೆ ಇಳಿದು ಅದರ ಕಡೆಗೆ ನಡೆದರು.

"ಅತ್ತಿ, ಬ್ಯಾಡ್ರಿ!" ಎಂದೆ.

ಅವರು ಡ್ರೈವರನ ಬಾಗಿಲ ಬಳಿ ನಿಂತು ಸೆರಗು ಬಿಗಿದುಕೊಂಡರು. "ಕೆಳಗ ಇಳಿಯಪ್ಪ. ನಿನ್ ಮುಖ ನೋಡ್ಬೇಕು."

ಒಳಗಿದ್ದವನು ಗಾಜು ಏರಿಸಿದ. ಗಾಡಿಯನ್ನು ಹಿಂದಕ್ಕೆ ತೆಗೆದುಕೊಂಡು ತಿರುಗಿಸಿ ಹೋದ. ಅತ್ತೆ ಬಂದು ಹಿಂದಿನ ಸೀಟಿನಲ್ಲಿ ಕೂತರು. ಹರಿಹರ ಬರುವವರೆಗೂ ಅವರು ಹಿಂತಿರುಗಿ ಹಿಂತಿರುಗಿ ನೋಡುತ್ತಿದ್ದರು. ಪೊಲೀಸರಿಗೆ ದೂರು ಕೊಟ್ಟೆವು. ನಂಬರ್ ಇಲ್ಲದ ಗಾಡಿ ಹುಡುಕುವುದು ಕಷ್ಟ ಎಂಬ ಉತ್ತರ ಬಂತು.

ಅದರ ನಂತರ ಸದಸ್ಯರು ಒಬ್ಬೊಬ್ಬರಾಗಿ ಊರಿನಿಂದ ಕಾಣೆಯಾದರು. ಮನೆಯವರನ್ನು ಕೇಳಿದರೆ "ದೇವರಿಗೆ ಹೋಗ್ಯಾರ" ಅನ್ನುತ್ತಿದ್ದರು. ಯಾವ ದೇವರು ಎಂದು ಕೇಳಿದರೆ ಬಾಗಿಲು ಹಾಕಿಕೊಳ್ಳುತ್ತಿದ್ದರು. ಅತ್ತೆಯ ಮೇಲೆ ಅವಿಶ್ವಾಸದ ನೋಟಿಸ್ ಬಂತು. ಉಪವಿಭಾಗಾಧಿಕಾರಿ ಸಭೆ ನಡೆಸುವ ದಿನ ಎಲ್ಲರೂ ವ್ಯಾನಿನಲ್ಲಿ ಬಂದಿಳಿದರು. ಅತ್ತೆಯೇ ಒತ್ತಾಯ ಮಾಡಿ ಚುನಾವಣೆಗೆ ನಿಲ್ಲಿಸಿದ್ದ, ಅವರನ್ನು ಅಕ್ಕ ಎನ್ನುತ್ತಿದ್ದ ಸದಸ್ಯೆಯೂ ಆ ವ್ಯಾನಿನಿಂದಲೇ ಇಳಿದಳು. ಕೈ ಎತ್ತಿ ಎಂದಾಗ ಅವಳೂ ಎತ್ತಿದಳು, ನೆಲ ನೋಡುತ್ತ. ಅತ್ತೆ ಎದ್ದು ಅಧಿಕಾರಿಗೆ ಕೈಮುಗಿದು, ಸದಸ್ಯರ ಸಾಲಿನ ಕೊನೆಯ ಕುರ್ಚಿಗೆ ಹೋಗಿ ಕೂತರು.

ಮಾರನೆಯ ಮಧ್ಯಾಹ್ನ ಆ ಸದಸ್ಯೆ ನಮ್ಮ ಹಿತ್ತಲಿಗೆ ಬಂದಳು. "ಅಕ್ಕಾ, ನನ್ನ ಮಗಳು ದಾವಣಗೆರ್ಯಾಗ ಓದೋ ಕಾಲೇಜು, ಬರೋ ಬಸ್ಸು, ಕೂಡ್ರೋ ಸೀಟು, ಎಲ್ಲಾ ಹೇಳಿದ್ರು. ಬೈಲಿಲ್ಲ, ಹೆದರಿಸ್ಲಿಲ್ಲ. ಬರೇ ಹೇಳಿದ್ರು," ಎಂದು ಅತ್ತಳು.

ಅತ್ತೆ ಅವಳ ಬೆನ್ನು ಸವರಿದರು. "ನಿನ್ ಜಾಗದಾಗ ನಾನಿದ್ರೂ ಎತ್ತಿರ್ತಿದ್ದೆ."

ನಾನು ನಂಬಲಿಲ್ಲ. ಅವಳೂ ನಂಬಿರಲಾರಳು.

ಕಾಲುವೆ ಬೇಗ ಮುಚ್ಚಿತು. ಟಿಪ್ಪರ್‌ಗಳು ಮತ್ತೆ ಓಡುತ್ತಿವೆ. ಬಟ್ಟೆ ಒಗೆಯುವ ಕಟ್ಟೆಯನ್ನು ಮಾತ್ರ ಯಾರೂ ಮುಟ್ಟಲಿಲ್ಲ. ಈಗ ನಮ್ಮೂರ ಹೆಂಗಸರು ಹೊಳೆಗಿಳಿಯುವುದಿಲ್ಲ. ಅತ್ತೆ ಸದಸ್ಯೆಯಾಗಿ ಒಂದು ಸಭೆಯನ್ನೂ ತಪ್ಪಿಸಲಿಲ್ಲ. ಪ್ರತಿ ಸಲವೂ ಹೊಳೆಯ ಮಾತೆತ್ತುತ್ತಾರೆ, ಉಳಿದವರು ಪ್ರತಿ ಸಲವೂ ಮುಂದಿನ ಸಭೆಗೆ ಎನ್ನುತ್ತಾರೆ.

ಈಗ ಮತ್ತೆ ಚುನಾವಣೆ ಹತ್ತಿರ ಬಂದಿದೆ. ಮೊನ್ನೆ ಅತ್ತೆ ನನ್ನನ್ನು ಕರೆದು ಪಕ್ಕದಲ್ಲಿ ಕೂರಿಸಿಕೊಂಡರು.

"ನನ್ನ ಕಣ್ಣು ಮಂಜಾಗ್ಯಾವ. ಈ ಸಲ ನೀನು ನಿಲ್ಲು. ಬ್ಯಾಡ ಅಂದ್ರ ಬ್ಯಾಡ, ನಾನೇನ್ ಸಿಟ್ಟಾಗಲ್ಲ."

ನಿಲ್ಲುತ್ತೇನೆ ಎಂದೆ. ಈ ವಿಷಯ ನಾವಿಬ್ಬರು ಬಿಟ್ಟರೆ ಯಾರಿಗೂ ತಿಳಿದಿರಲಿಲ್ಲ, ನನ್ನ ಗಂಡನಿಗೂ ಹೇಳಿರಲಿಲ್ಲ. ನಿನ್ನೆ, ಈ ವರ್ಷವಷ್ಟೇ ಎಲ್‌ಕೆಜಿಗೆ ಸೇರಿಸಿದ ನನ್ನ ಮಗಳನ್ನು ಕರೆತರಲು ಶಾಲೆಗೆ ಹೋದಾಗ, ಗೇಟಿನ ಬಳಿ ಬೈಕಿಗೆ ಒರಗಿ ನಿಂತಿದ್ದವನೊಬ್ಬ ನಗುತ್ತ ಕೈಮುಗಿದ. "ಒಳ್ಳೇದಾಗ್ಲಿ ಮೇಡಂ," ಅಂದ.